ಕಾರಿನಲ್ಲಿ ದಿನವೂ ಕೇಳಿದ ಕಥೆ

ಇದನ್ನು ಬರೆಯಬೇಕೆಂದು ಹಲವು ಸಲ ಕುಳಿತೆ. ಪ್ರತಿ ಸಲವೂ ಏನಾದರೊಂದು ಕೆಲಸ ನೆನಪಾಗಿ ಎದ್ದೆ. ಈಗ ಇಕಾಮಾ, ಅಂದರೆ ಇಲ್ಲಿ ಇರಲು ಕೊಟ್ಟ ಪರವಾನಗಿ, ಮುಗಿಯುತ್ತಾ ಬಂದಿದೆ. ಊರಿಗೆ ಹೊರಡುವ ಮೊದಲು ಹೇಳಿಬಿಡುತ್ತೇನೆ.

ಸೌದಿಯ ತಬೂಕ್ ಪಟ್ಟಣದ ಆಚೆ ಮರಳುಗಾಡಿನಲ್ಲಿ ಒಂದು ಇಂಗ್ಲಿಷ್ ಸಿನಿಮಾದ ಶೂಟಿಂಗ್ ನಡೆಯುತ್ತಿತ್ತು. ಕಾರುಗಳನ್ನೂ ನನ್ನಂಥ ಡ್ರೈವರುಗಳನ್ನೂ ಕೊಟ್ಟದ್ದು ನಮ್ಮ ಕಂಪನಿ. ನನ್ನ ಕಾರಿಗೆ ಬಂದವರು ರಷ್ಯದ ಒಬ್ಬ ನಟರು. ಎಂಬತ್ತು ದಾಟಿತ್ತು. ಹುಡುಗನಾಗಿದ್ದಾಗಲೇ ಸಿನಿಮಾ ಸೇರಿದವರಂತೆ. ಮೊಬೈಲಿನಲ್ಲಿ ಹಳೆಯ ಫೋಟೊ ತೋರಿಸುತ್ತಿದ್ದರು: ಸೈನಿಕ, ಮದುಮಗ, ರೈಲಿನ ಡ್ರೈವರ್, ಆಮೇಲೆ ಅಪ್ಪ, ಆಮೇಲೆ ಅಜ್ಜ. ಎಲ್ಲದರಲ್ಲೂ ಅವೇ ದೊಡ್ಡ ಕಿವಿಗಳು.

"ಮುಖಕ್ಕೆ ಬಣ್ಣ ಹಚ್ಚಬಹುದು, ಕಿವಿಗೆ ಏನು ಮಾಡುವುದು?" ಎಂದು ತಮ್ಮ ಹರಕು ಇಂಗ್ಲಿಷಿನಲ್ಲಿ ಹೇಳಿ ನಗುತ್ತಿದ್ದರು. ಬಹಳ ಕಾಲದಿಂದ ಯಾರೂ ಕರೆದಿರಲಿಲ್ಲವಂತೆ. ಇದೊಂದು ಪಾತ್ರ ಮಾಡಿ ಮುಗಿಸಿದರೆ ಸಾಕು ಎನ್ನುತ್ತಿದ್ದರು.

ಆದರೆ ದಿನವೂ ದಾರಿಯಲ್ಲಿ ಒಂದೇ ಕಥೆ. ಹಿಮದಲ್ಲಿ ಅಣ್ಣ ತನ್ನ ಬೂಟು ಬಿಚ್ಚಿ ಇವರಿಗೆ ತೊಡಿಸಿದ್ದು, ಇವರು ನಡೆದು ಬಂದದ್ದು, ಅಣ್ಣ ಅಲ್ಲೇ ಉಳಿದದ್ದು. ಒಂದು ದಿನ ನಗುತ್ತಾ ಹೇಳುವರು, ಮರುದಿನ ಅಳುತ್ತಾ. ಒಮ್ಮೆ ಅವರ ದನಿ ಕೇಳಲಾರದೆ ಕಾರು ನಿಲ್ಲಿಸಿ ನೀರು ಕೊಟ್ಟೆ. ನಿನ್ನೆ ಹೇಳಿದ್ದು ಇವತ್ತು ನೆನಪಿಲ್ಲವೇ ಎಂದು ನನಗೆ ದಿಗಿಲಾಯಿತು. ಹಿಂದೊಮ್ಮೆ ನಮ್ಮ ಡ್ರೈವರೊಬ್ಬನ ಕಾರಿನಲ್ಲಿ ಪ್ರಯಾಣಿಕರೊಬ್ಬರು ಕುಸಿದುಬಿದ್ದಾಗ, ಅವನು ಸಿಕ್ಕಸಿಕ್ಕವರಿಗೆಲ್ಲ ಉತ್ತರ ಹೇಳಿ ಸೋತದ್ದನ್ನು ನೋಡಿದ್ದೆ. ನನ್ನ ಕಣ್ಣು ರಸ್ತೆಗಿಂತ ಹೆಚ್ಚಾಗಿ ಕನ್ನಡಿಯಲ್ಲಿ ಅವರ ಮೇಲೆಯೇ ಇರುತ್ತಿತ್ತು.

ನಮ್ಮ ಸೂಪರ್‌ವೈಸರ್ ಮಂಗಳೂರು ಕಡೆಯ ಹುಡುಗ. "ಎಂತ ಕಾಕಾ, ನಿಮ್ಮ ಹೀರೋ ಹೇಗಿದ್ದಾರೆ?" ಎಂದು ಕೇಳಿದ.

"ಹೀರೋ ಎಂತದು ಮಾರಾಯ. ಹೇಳಿದ್ದನ್ನೇ ಹೇಳ್ತಾರೆ. ತಲೆ ಸರಿ ಇದ್ದ ಹಾಗೆ ಕಾಣುವುದಿಲ್ಲ."

"ಹೌದಾ? ದಾರಿಯಲ್ಲಿ ಏನಾದ್ರೂ ಆದ್ರೆ ನಿಮ್ಮ ತಲೆಗೇ ಬರ್ತದೆ, ನೋಡಿ. ನಾನು ಸಿನಿಮಾದವರಿಗೆ ಹೇಳ್ತೇನೆ."

ಬೇಡ ಎನ್ನಲಿಲ್ಲ. ನಿಜ ಹೇಳಬೇಕೆಂದರೆ, ಹಗುರವಾಯಿತು. ಸಿನಿಮಾದವರು ಹೆದರಿದರು, ವಿಮೆಯವರು ಒಪ್ಪಲಿಲ್ಲವಂತೆ. ಆ ಪಾತ್ರಕ್ಕೆ ಬೇರೊಬ್ಬರು ಬಂದರು.

ಏರ್‌ಪೋರ್ಟಿಗೆ ಬಿಡಲು ಹೋದವನೂ ನಾನೇ. ದಾರಿಯಲ್ಲಿ ಅವರು ಕೇಳಿದರು: "ಅಣ್ಣನ ಮಾತು ಯಾವ ದಿನ ಚೆನ್ನಾಗಿ ಬಂತು?"

ನನಗೆ ಅರ್ಥವಾಗಲಿಲ್ಲ.

"ನನಗೆ ಅಣ್ಣನೇ ಇಲ್ಲ. ಅದು ಈ ಸಿನಿಮಾದಲ್ಲಿ ನನ್ನ ಪಾತ್ರದ ಮಾತು. ಮೊದಲಿನಿಂದಲೂ ನಾನು ಕಲಿಯುವುದು ಹೀಗೇ, ಪಕ್ಕದಲ್ಲಿರುವವರಿಗೆ ನಿಜದಂತೆ ಹೇಳಿ. ನೀನು ಕಾರು ನಿಲ್ಲಿಸಿ ನೀರು ಕೊಟ್ಟೆಯಲ್ಲ, ಆವತ್ತೇ ಸರಿಯಾಯಿತು ಅಂದುಕೊಂಡೆ."

ಮುಂದೊಂದು ಲಾರಿ ಬಂತು. ವೇಗ ಇಳಿಸಿದೆ.

"ನನಗೆ ಮರೆವು ಎಂದು ಯಾರೋ ಹೇಳಿದರಂತೆ," ಎಂದರು.

ನಾನು ಎದುರಿನ ಲಾರಿಯನ್ನೇ ನೋಡುತ್ತಾ ಓಡಿಸಿದೆ. ಬಾಗಿಲಲ್ಲಿ ಅವರ ಪೆಟ್ಟಿಗೆ ಇಳಿಸಿ ಕೈಕುಲುಕಿದೆ. ಹೇಳಿದವನು ನಾನು ಎನ್ನಲು ಅಷ್ಟು ಇಂಗ್ಲಿಷ್ ನನಗೆ ಬರುತ್ತಿತ್ತು. ಆದರೂ ತಪ್ಪಾಯಿತು ಎನ್ನದೆ ಕಳಿಸಿಬಿಟ್ಟೆ, ದೊಡ್ಡ ಕಿವಿಯ ಆ ರಷ್ಯನ್ ನಟರನ್ನು.