ಮುಂದಿನ ಮಹಡಿಗೆಂದು ಬಿಟ್ಟ ಕಂಬಿ

ನಮ್ಮ ಕಡೆಯ ಬಸ್ಸಿನಲ್ಲಿ ಕಿಟಕಿಯ ಪಕ್ಕದ ಸೀಟು ಸಿಕ್ಕಿದರೆ ಒಮ್ಮೆ ತಲೆಯೆತ್ತಿ ನೋಡಿ. ವಿಜಯನಗರ ದಾಟಿ ಹೇರೋಹಳ್ಳಿಯ ಕಡೆಗೆ ಹೊರಳುತ್ತಿದ್ದಂತೆ ಮನೆಮನೆಯ ತಾರಸಿಯ ಮೇಲೂ ಪಿಲ್ಲರುಗಳ ನೆತ್ತಿಯಿಂದ ತುಕ್ಕು ಹಿಡಿದ ಕಬ್ಬಿಣದ ಕಂಬಿಗಳು ಆಕಾಶಕ್ಕೆ ಬೆರಳು ಚಾಚಿ ನಿಂತಿರುತ್ತವೆ. ಕೆಲವಕ್ಕೆ ಪೇಂಟಿನ ಖಾಲಿ ಡಬ್ಬ ಕವುಚಿರುತ್ತಾರೆ, ಕೆಲವಕ್ಕೆ ದೃಷ್ಟಿ ತಾಗದಿರಲೆಂದು ಹಳೆಯ ಚಪ್ಪಲಿ ಕಟ್ಟಿರುತ್ತಾರೆ. ಹೊರಗಿನವರ ಕಣ್ಣಿಗೆ ಅದು ಅರ್ಧಕ್ಕೆ ನಿಂತ ಕೆಲಸ; ನಮ್ಮ ಪಾಲಿಗೆ, ದೇವರು ಕೈ ಹಿಡಿದರೆ ಮುಂದೆಂದಾದರೂ ಏರಿಸಬಹುದಾದ ಇನ್ನೊಂದು ಮಹಡಿಯ ಮುಂಗಡ ಸಂಕಲ್ಪ. ಪಶ್ಚಿಮ ಬೆಂಗಳೂರಿನ ಮಧ್ಯಮ ವರ್ಗದ ಭವಿಷ್ಯವೆಲ್ಲ ಹೀಗೆ ಅವರವರ ತಲೆಯ ಮೇಲೆಯೇ ತುಕ್ಕು ಹಿಡಿಯುತ್ತಿರುತ್ತದೆ.

ನಾನೂ ಬಿಟ್ಟಿದ್ದೆ. ಉಳಿದವರಿಗಿಂತ ಒಂದು ಗೇಣು ಉದ್ದವಾಗಿಯೇ ಬಿಟ್ಟಿದ್ದೆ.

ಮಾರೇನಹಳ್ಳಿಯಲ್ಲಿ ನನ್ನದೊಂದು ಸಣ್ಣ ಹಾರ್ಡ್‌ವೇರ್ ಅಂಗಡಿ. ಮೊಳೆ, ಬೀಗ, ನಲ್ಲಿ, ನೈಲಾನ್ ಹಗ್ಗ ಮಾರಿ ಮೇಲೆ ಬಂದವನು ನಾನು. ಹಾಗಾಗಿ ಲೋಕವನ್ನು ನೋಡುವ ನನ್ನ ದೃಷ್ಟಿಯೂ ಗಲ್ಲಾಪೆಟ್ಟಿಗೆಯ ಹಿಂದಿನಿಂದ ಹೊರಟದ್ದು. ಕವಿಗಳು ಮರವನ್ನು ಕಂಡು ಮೈಮರೆಯುತ್ತಾರಂತೆ. ಸೈಟಿನ ಮುಂದೆ ಬೇವಿನ ಮರ ಕಂಡರೆ ನನಗೆ ಮಾರುವವನು ಬೆಲೆ ಏರಿಸಲು ಹೇಳುವ ಕಾರಣ ಕಾಣುತ್ತದೆ, ಮೋರಿ ಕಂಡರೆ ನಾನು ಇಳಿಸಲು ಹೇಳಬಹುದಾದ ಕಾರಣ ಕಾಣುತ್ತದೆ. ಪರಿಸರವೆಂದರೆ ನನ್ನ ಮಟ್ಟಿಗೆ ಚೌಕಾಸಿಗೆ ಒದಗುವ ಸಾಮಗ್ರಿ. ಈಗ ನಮ್ಮ ಮನೆಯಿರುವ ಸೈಟು ನೋಡಲು ಹೋದ ದಿನ ಜಮೀನಿನ ಹಳೆಯ ಒಡೆಯರು, ಹೇರೋಹಳ್ಳಿಯ ಹಿರಿಯರೊಬ್ಬರು, ಮುಚ್ಚುಮರೆಯಿಲ್ಲದೆ ಮೇಲೆ ಬೊಟ್ಟು ಮಾಡಿ, “ಹೈಟೆನ್ಷನ್ ಲೈನು ಹೋಗೈತೆ ಸ್ವಾಮಿ, ಕಣ್ಣಲ್ಲಿ ನೋಡ್ಕೊಂಡು ಆಮೇಲ್ ಮಾತಾಡಿ” ಎಂದಿದ್ದರು. ನಾನು ನೋಡಿದೆ. ಆ ದಪ್ಪ ತಂತಿಗಳು ಸೈಟಿನ ಅಂಚನ್ನು ಸವರಿಕೊಂಡು ದೂರದ ಗೋಪುರಕ್ಕೆ ಇಳಿಬಿದ್ದು ಸಾಗಿದ್ದವು. ನನಗೆ ಭಯವಾಗಲಿಲ್ಲ, ಪರಮಾನಂದವಾಯಿತು. ಮಧ್ಯಾಹ್ನದವರೆಗೆ ಆ ತಂತಿಯನ್ನೇ ಹಿಡಿದು ಜಗ್ಗಿ ಜಗ್ಗಿ, ಅವರು ಬೇಸತ್ತು ಒಪ್ಪುವ ಬೆಲೆಗೆ ಇಳಿಸಿದೆ. ವ್ಯಾಪಾರ ಕುದುರಿದ ಮೇಲೆ ಆ ತಂತಿಯಿಂದ ನನಗೆ ಆಗಬೇಕಾದದ್ದೇನೂ ಉಳಿದಿರಲಿಲ್ಲವಾದ್ದರಿಂದ ಅದನ್ನು ನೋಡುವುದನ್ನು ಬಿಟ್ಟೆ.

ಮನೆ ಎದ್ದಿತು. ಕೆಳಗೆ ನಾವು, ಮೇಲೆ ಬಾಡಿಗೆಯವರು, ಅದರ ಮೇಲೆ ತಾರಸಿ, ತಾರಸಿಯ ಮೇಲೆ ಕಂಬಿಗಳು. ಆ ಕಂಬಿಗಳ ನಡುವೆ ಬಟ್ಟೆ ಒಣಹಾಕಲು ನಾನೇ ಕಬ್ಬಿಣದ ತಂತಿ ಎಳೆದು ಕಟ್ಟಿದೆ. ಊರಿಗೆಲ್ಲ ನೈಲಾನ್ ಹಗ್ಗ ಮಾರುವವನು ಸ್ವಂತ ಮನೆಗೆ ಕಬ್ಬಿಣ ಕಟ್ಟಿದ್ದೇಕೆಂದರೆ, ಅದು ಅಂಗಡಿಯಲ್ಲಿ ಉಳಿದಿದ್ದ ತುಂಡು. ಇನ್ನೊಂದು ಮಹಡಿ ಏರಿಸುವ ಯೋಜನೆ ಆಗಲೇ ತಲೆಯಲ್ಲಿ ಸಿದ್ಧವಿತ್ತು. ನಿಯಮ ಬಲ್ಲ ಪರಿಚಿತರೊಬ್ಬರು, ಲೈನಿಗೆ ಅಷ್ಟು ಹತ್ತಿರ ಹೋಗಬೇಡಿ ಎಂದಾಗ ನಾನು ನಮ್ಮ ಬೀದಿಯ ಉಳಿದ ಮನೆಗಳನ್ನು ತೋರಿಸಿದ್ದೆ. ಎಲ್ಲರೂ ಮಾಡಿದ ತಪ್ಪು ನಮ್ಮಲ್ಲಿ ಅರ್ಧ ಅನುಮತಿಪತ್ರವಿದ್ದಂತೆ.

ಹೀಗೆ ಹಾಯಾಗಿದ್ದ ನನ್ನ ನೆಮ್ಮದಿ ಕೆಡಿಸಿದವಳು ಬಾಗಲಕೋಟೆಯ ಕಡೆಯ ಒಬ್ಬ ಹೆಣ್ಣುಮಗಳು. ಮೇಲಿನ ಮನೆ ಖಾಲಿಯಾಗಿತ್ತು. ಗಂಡನಿಗೆ ಇಲ್ಲಿ ಹೊಸದಾಗಿ ಕೆಲಸ ಸಿಕ್ಕು, ಮನೆ ಹುಡುಕುತ್ತ ಬಂದಿದ್ದಳು. ಅಡುಗೆಮನೆ, ನೀರು, ಗಾಳಿ ಎಲ್ಲ ಒಪ್ಪಿಗೆಯಾಗಿ, ಬಟ್ಟೆ ಒಣಹಾಕುವ ಜಾಗ ಎಲ್ಲಿ ಎಂದು ಕೇಳಿ ತಾರಸಿಗೆ ಬಂದವಳು ಕಿವಿಗೊಟ್ಟು ನಿಂತುಬಿಟ್ಟಳು.

“ಅಣ್ಣಾರ, ಇಲ್ಲೆ ಎಲ್ಲೆರ ಜೇನ ಕಟ್ಟೈತೇನ್ರಿ? ಗುಂಯ್ ಅನ್ನಾಕತ್ತೈತಲ್ರಿ.”

ಹಿಂದಿನ ಬೀದಿಯ ಹಿಟ್ಟಿನ ಗಿರಣಿ ಇರಬೇಕಮ್ಮ ಎಂದೆ. ವ್ಯಾಪಾರಿಯ ನಾಲಿಗೆ ಯೋಚನೆಗಿಂತ ಮುಂದೆ ಓಡುತ್ತದೆ. ಅವಳು ಮೆಲ್ಲಗೆ ತಲೆಯೆತ್ತಿದಳು. ಹೈಟೆನ್ಷನ್ ತಂತಿಯನ್ನು ನೋಡಿದಳು, ಕಂಬಿಗಳನ್ನು ನೋಡಿದಳು, ಕೊನೆಗೆ ನನ್ನನ್ನೂ ನೋಡಿದಳು. ಸೆರಗನ್ನು ಮೈಗೆ ಬಿಗಿಯಾಗಿ ಸುತ್ತಿಕೊಂಡು ಮೆಟ್ಟಿಲಿಳಿದು ಹೋದಳು.

ನನಗೆ ಆ ಸದ್ದು ಕೇಳಿಸತೊಡಗಿದ್ದು ಅಂದಿನಿಂದ. ಎಷ್ಟೋ ವರ್ಷ ಅದರ ಕೆಳಗೇ ಉಂಡು, ಮಲಗಿ, ಪೇಪರ್ ಓದಿದವನಿಗೆ ಒಮ್ಮೆಲೇ ಮನೆಯೆಲ್ಲ ಅದೇ ಆಯಿತು. ಟಿ.ವಿ. ಆರಿಸಿದರೆ ಗುಂಯ್, ಮಿಕ್ಸಿ ನಿಂತರೆ ಗುಂಯ್. ಮೋಡ ಕವಿದ ದಿನ ಅದರೊಳಗೆ ಎಣ್ಣೆಯಲ್ಲಿ ಸಾಸಿವೆ ಸಿಡಿದಂಥ ಇನ್ನೊಂದು ಸದ್ದು. ತಾರಸಿಗೆ ಹೋಗಿ, ಮುಂದಿನ ಮಹಡಿಯ ಸೂರು ಎಲ್ಲಿಗೆ ಬರಬಹುದೆಂದು ಕೈಯೆತ್ತಿ ಅಂದಾಜು ನೋಡಲು ಹೊರಟವನು ಕೈಯನ್ನು ಹೆಗಲಿನ ಮಟ್ಟದಲ್ಲೇ ಇಳಿಸಿಬಿಟ್ಟೆ.

ಆಗ ನೆನಪಾಯಿತು, ಗೃಹಪ್ರವೇಶವಾದ ಹೊಸದರಲ್ಲಿ ನನ್ನ ಹೆಂಡತಿ ಪ್ರಮೀಳ ಒಂದು ಮಾತು ಹೇಳಿದ್ದಳು: ಹನಿ ಬೀಳುವಾಗ ಬಟ್ಟೆ ತೆಗೆಯಲು ಹೋದರೆ ಒಣಹಾಕುವ ತಂತಿ ಕೈಗೆ ಜುಂ ಎನ್ನುತ್ತದೆ ಎಂದು. ರಬ್ಬರ್ ಚಪ್ಪಲಿ ಹಾಕಿಕೊಂಡು ಹೋಗು ಎಂದು ಉಚಿತ ಸಲಹೆ ಕೊಟ್ಟು ನಾನು ಅಂಗಡಿಗೆ ಹೋಗಿದ್ದೆ. ಈಗ ಆ ಜುಂ ಇನ್ನೂ ಉಂಟೇ ಎಂದು ವಿಚಾರಿಸಿದೆ.

“ಈಗ ಕೇಳ್ತಿದೀರಾ?” ಎಂದಳು ಸೊಪ್ಪು ಬಿಡಿಸುತ್ತಾ. “ಅದು ಯಾವಾಗ್ಲೂ ಇರತ್ತೆ. ನಂಗೆ ಅಭ್ಯಾಸ ಆಗೋಯ್ತು.”

ಅಭ್ಯಾಸ ಎಂಬ ಮಾತು ನನ್ನನ್ನು ಅಷ್ಟು ಹೆದರಿಸಿದ್ದು ಅದೇ ಮೊದಲು. ಸದ್ದಿಗೆ ನನ್ನ ಕಿವಿ ಒಗ್ಗಿಹೋದಂತೆ ಅವಳ ಬೆರಳುಗಳೂ ಒಗ್ಗಿಹೋಗಿದ್ದವು. ಇಷ್ಟು ಹೆದರಿದವನು ಮರುದಿನವೇ ಆ ಬಟ್ಟೆಯ ತಂತಿ ಬಿಚ್ಚಿದೆನೇ ಎಂದು ನೀವು ಕೇಳಬಹುದು. ಇಲ್ಲ. ಅದನ್ನು ಬಿಚ್ಚಿದರೆ ಕಂಬಿಗಳ ಪ್ರಶ್ನೆ ಬರುತ್ತದೆ, ಕಂಬಿಗಳ ಪ್ರಶ್ನೆ ಬಂದರೆ ಮಹಡಿಯ ಪ್ರಶ್ನೆ ಬರುತ್ತದೆ. ಹಾಗಾಗಿ ನಾನು ಭಯದ ಜೊತೆಗೂ ಚೌಕಾಸಿಗೆ ಕೂತೆ: ಬೇಸಿಗೆ ಕಳೆಯಲಿ, ಗಾಳಿ ನಿಲ್ಲಲಿ, ಹಬ್ಬ ಮುಗಿಯಲಿ.

ಗಾಳಿ ನಿಲ್ಲಲಿಲ್ಲ, ಆಷಾಢದ್ದು ಶುರುವಾಯಿತು. ಒಂದು ಮಧ್ಯಾಹ್ನ ಊಟಕ್ಕೆಂದು ಬಂದವನಿಗೆ ಕೆಳಗೆ ಯಾರೂ ಕಾಣಲಿಲ್ಲ. ಹೊರಗೆ ಹನಿ ಉದುರತೊಡಗಿತ್ತು. ಮೆಟ್ಟಿಲು ಹತ್ತಿ ತಾರಸಿಯ ಬಾಗಿಲಿಗೆ ಬಂದರೆ, ಪ್ರಮೀಳ ಒಂದು ಕೈಯಲ್ಲಿ ಕಂಬಿ ಹಿಡಿದು ಇನ್ನೊಂದು ಕೈಯಲ್ಲಿ ಸೀರೆಯ ತುದಿ ಹಿಡಿದು ನಿಂತಿದ್ದಾಳೆ. ಉಳಿದ ಸೀರೆಯಷ್ಟೂ ಒದ್ದೆಯಾಗಿಯೇ ಗಾಳಿ ತುಂಬಿಕೊಂಡು ಮೇಲೇರಿ, ಆ ಗುಂಯ್ ಎನ್ನುವ ತಂತಿಯ ಕಡೆಗೆ ಎದ್ದು ಬಿದ್ದು, ಮತ್ತೆ ಏಳುತ್ತಿದೆ. ನೋಡಿದವರಿಗೆ ಹಬ್ಬದ ಬಾವುಟದಂತೆ ಚೆಂದ ಕಂಡೀತು. ಬಾಗಿಲ ಚೌಕಟ್ಟು ಹಿಡಿದು, “ಸೀರೆ ಬಿಡು” ಎಂದೆ.

“ಬಿಟ್ರೆ ಹಾರೋಗತ್ತೆ ಕಣ್ರೀ. ಗೃಹಪ್ರವೇಶದ್ದು ಇದು.”

“ಹೋಗ್ಲಿ ಬಿಡು.”

ಅವಳು ತಿರುಗಿ ನನ್ನ ಮುಖ ನೋಡಿದಳು. ಏನು ಕಂಡಳೋ, ಬೆರಳು ಸಡಿಲಿಸಿದಳು. ಸೀರೆ ಒಮ್ಮೆ ಪೂರ್ತಿ ಬಿಚ್ಚಿಕೊಂಡು, ಆ ಹೈಟೆನ್ಷನ್ ಲೈನಿನ ಕೆಳಗೆ ನುಸುಳಿ, ಎದುರು ಮನೆಯ ಕಂಬಿಗಳಿಗೆ ಹೋಗಿ ಸುತ್ತಿಕೊಂಡಿತು. ಮೇಲಿನ ಸದ್ದು ಮಾತ್ರ ಒಂದಿಷ್ಟೂ ಏರದೆ, ಇಳಿಯದೆ ಹಾಗೆಯೇ ಇತ್ತು. ನಮ್ಮನ್ನು ಅದು ಗಮನಿಸಿಯೇ ಇರಲಿಲ್ಲ.

ಇಬ್ಬರೂ ಮೆಟ್ಟಿಲ ಮೇಲೆ ಕುಳಿತೆವು. ಅವಳ ಕೈ ನನ್ನ ಕೈಯೊಳಗಿತ್ತು. ಅವಳೇ ಹೇಳಿದಳು: “ನೀವು ಹೋಗ್ಲಿ ಬಿಡು ಅಂದಿದ್ದು ನಾನು ಇದೇ ಫಸ್ಟ್ ಕೇಳಿದ್ದು.”

ಆ ವಾರವೇ ಕಂಬಿ ಕತ್ತರಿಸುವವನನ್ನು ಕರೆಸಿದೆ. ಅವನಿಗೆ ನನಗಿಂತ ಹೆಚ್ಚು ಸಂಕಟವಾಯಿತು. ಬುಡಕ್ಕೆ ಕತ್ತರಿಸಿದರೆ ಇನ್ನು ಮಹಡಿ ಏರಿಸುವುದು ಮರೆತಂತೆಯೇ ಎಂದು ತಿಳಿಹೇಳಿ, ದನಿ ತಗ್ಗಿಸಿ, “ಬಗ್ಗಿಸಿ ಬಿಡ್ಲಾ ಸಾರ್? ಬೇಕಾದಾಗ ನೆಟ್ಟಗ್ ಮಾಡ್ಕೋಬೋದು” ಎಂದ. ಆಹಾ, ಎಂಥ ಸೊಗಸಾದ ಸಂಧಾನಸೂತ್ರ! ಒಪ್ಪಿಗೆ ಗಂಟಲವರೆಗೆ ಬಂದಿತ್ತು. ಪಕ್ಕದಲ್ಲಿ ಪ್ರಮೀಳ ತಲೆಯೆತ್ತಿ ನೋಡುತ್ತಾ ನಿಂತಿದ್ದಳು, ನನ್ನನ್ನಲ್ಲ, ಮೇಲೆ. ಬುಡಕ್ಕೇ ಕತ್ತರಿಸಪ್ಪ ಎಂದೆ.

ಈಗ ನಮ್ಮ ಬಟ್ಟೆ ಮನೆಯ ಪಕ್ಕದ ಓಣಿಯಲ್ಲಿ, ನನ್ನದೇ ಅಂಗಡಿಯ ನೈಲಾನ್ ಹಗ್ಗದ ಮೇಲೆ, ನಿಧಾನವಾಗಿ ಒಣಗುತ್ತದೆ. ಮನೆ ನೋಡಲು ಬಂದವರನ್ನು ಮೊದಲು ತಾರಸಿಗೆ ಕರೆದೊಯ್ದು ಮಾತಾಡದೆ ನಿಲ್ಲಿಸುತ್ತೇನೆ. ಇದರಿಂದ ಬಾಡಿಗೆದಾರರು ಸಿಗುವುದು ತಡವಾಗುತ್ತದೆ, ಆಗಲಿ. ಸೈಟು ಕೊಳ್ಳುವವರಿಗೆ ನನ್ನ ಸಲಹೆಯೂ ಇದೇ: ಬೆಲೆ ಇಳಿಸಲು ತೋರಿಸಿದ ಕಾರಣವನ್ನು ನೋಂದಣಿಯಾದ ಮೇಲೂ ನೆನಪಿಟ್ಟುಕೊಳ್ಳಿ. ಅದು ನಿಮ್ಮ ಜೊತೆಗೇ ಗೃಹಪ್ರವೇಶ ಮಾಡಿರುತ್ತದೆ.

ಬಸ್ಸಿನಲ್ಲಿ ಬರುವಾಗ ನಾನಿನ್ನೂ ತಲೆಯೆತ್ತಿ ನೋಡುತ್ತೇನೆ. ಕಂಬಿ ಹೊತ್ತ ಮನೆಗಳ ಸಾಲಿನಲ್ಲಿ ನಮ್ಮದೊಂದೇ ಬೋಳುತಲೆಯ ಮನೆ. ಗುರುತು ಹಿಡಿಯುವುದು ಸುಲಭ. ಇಳಿದು, ಗೇಟಿನ ಚಿಲಕಕ್ಕೆ ಕೈಹಾಕುವ ಮೊದಲು ಒಂದು ಕ್ಷಣ ಉಸಿರು ಬಿಗಿಹಿಡಿದು ಕಿವಿಗೊಡುತ್ತೇನೆ. ಗುಂಯ್ ಎನ್ನುತ್ತಿರುತ್ತದೆ. ಎದೆ ಝಲ್ಲೆನ್ನುತ್ತದೆ, ಒಳಗೆ ಹೋಗುತ್ತೇನೆ. ಅದು ಕೇಳಿಸುವಷ್ಟು ದಿನ ಪರವಾಗಿಲ್ಲ. ನಾನೀಗ ನಿಜಕ್ಕೂ ಹೆದರುವುದು, ಗೇಟಿನ ಮುಂದೆ ನಿಂತಾಗ ಏನೂ ಕೇಳಿಸದೆ, ಹಾಯಾಗಿ ಒಳಗೆ ನಡೆದುಬಿಡುವ ಆ ಒಂದು ಸಂಜೆಗೆ.