ಲಾರ್ಡ್ ಅಂಕಲ್‌ಗೆ ಹಾಲುಕ್ಕಿಸಲು ಹೋಗಿದ್ದು

ಡೆಟ್ರಾಯ್ಟ್ ಪಕ್ಕದ ಪ್ಲಿಮತ್‌ನಲ್ಲಿ ನಾವು ಬಾಡಿಗೆಗಿದ್ದ ಮನೆಯ ಓನರ್ ಐರ್ಲೆಂಡಿನ ಒಬ್ಬ ಲಾರ್ಡ್. ತಮಾಷೆಯಲ್ಲ, ವಂಶಪಾರಂಪರ್ಯವಾಗಿ ಬಂದ ನಿಜವಾದ ಪದವಿ. ಕೆಳಗಡೆ ಅವರೊಬ್ಬರೇ, ಮಹಡಿಯಲ್ಲಿ ನಾನು, ಹೆಂಡತಿ, ಮಗಳು. ಎಂಬತ್ತರ ಹತ್ತಿರದ ಮನುಷ್ಯ, ಮೊಣಕೈಗೆ ತೇಪೆ ಹಾಕಿದ ಕೋಟು ತೊಟ್ಟು ತಾವೇ ಹಿಮ ತೆಗೆಯುವುದನ್ನು ನೋಡಿ ಹೆಂಡತಿ ಮೊದಲ ವಾರವೇ ತೀರ್ಮಾನಿಸಿಬಿಟ್ಟಳು. "ಲಾರ್ಡೂ ಬೇಡ, ಗೀರ್ಡೂ ಬೇಡ. ನಾನಂತೂ ಅಂಕಲ್ ಅಂತೀನಿ." ಅವರಿಗೂ ಅದೇ ಹಿಡಿಸಿತು.

ಪರಿಚಯವಾದದ್ದು ಹಾಲಿನಿಂದ. ಮನೆಗೆ ಬಂದ ದಿನ ಹೆಂಡತಿ ಒಲೆಯ ಮೇಲೆ ಹಾಲಿಟ್ಟು ಉಕ್ಕಿಸಿದಳು. ಚೆಲ್ಲಿದ ಹಾಲು ಸೀದು ಹೊಗೆಯೆದ್ದು ಅಲಾರಂ ಕಿರುಚಿಕೊಂಡಿತು. ಅವರು ಏದುಸಿರು ಬಿಡುತ್ತ ಮೆಟ್ಟಿಲು ಹತ್ತಿ ಬಂದರು. ಹೊಸ ಮನೆ ತುಂಬಿ ತುಳುಕಲಿ ಅಂತ ಹೀಗೆ ಮಾಡುತ್ತೇವೆ ಎಂದು ನಾನು ನಾಚಿಕೊಂಡು ವಿವರಿಸಿದೆ. ಅವರು ಕುರ್ಚಿ ಎಳೆದುಕೊಂಡು ಕೂತೇಬಿಟ್ಟರು. ತಮ್ಮ ವಂಶದ ಮನೆಗೆ ಒಕ್ಕಲುಗಳು ಕಲ್ಲು ಹೊಡೆದದ್ದು ಕೇಳಿ ಗೊತ್ತು, ಒಳ್ಳೆಯದಾಗಲಿ ಎಂದು ಯಾರಾದರೂ ಏನಾದರೂ ಮಾಡಿದ್ದು ಇದೇ ಮೊದಲು ಎಂದರು.

"ವೇರ್ ಈಸ್ ಯುವರ್ ಕಾಸಲ್?" ಎಂದು ಮಗಳು ಅವರ ಬೆನ್ನು ಬೀಳುತ್ತಿದ್ದಳು. ಹಾಗೆ ಕಥೆ ತುಣುಕುತುಣುಕಾಗಿ ಹೊರಬಂತು. ಅವರ ಅಜ್ಜನ ಕಾಲದಲ್ಲೇ ಕಾನೂನು ಬಂದು ಜಮೀನೆಲ್ಲ ಒಕ್ಕಲುಗಳ ಪಾಲಾಗಿತ್ತು, ನಮ್ಮ ಕಡೆ ಉಳುವವರಿಗೆ ಹೋದ ಹಾಗೆ. ಉಳಿದದ್ದು ನಲವತ್ತು ಕೋಣೆಗಳ ಮನೆ ಮತ್ತು ಪದವಿ. ಚಾವಣಿ ಇರುವ ಮನೆಗೆ ತೆರಿಗೆ, ಇಲ್ಲದಿದ್ದರೆ ಇಲ್ಲ. ತಂದೆ ಸತ್ತಾಗ ಇವರಿಗೆ ಇಪ್ಪತ್ತೆರಡು ವರ್ಷ. ಇನ್ನೊಂದು ಚಳಿಗಾಲ ಕಾಯೋಣ ಎಂದು ತಾಯಿ ಬೇಡಿಕೊಂಡರೂ ಕಾಯದೆ, ಚಾವಣಿ ಕಿತ್ತುಹಾಕಿ ಎಂದು ಸಹಿ ಮಾಡಿಬಿಟ್ಟರು. ಆ ಬೋಳು ಗೋಡೆಗಳನ್ನು ಗೇಟಿನ ಕಾವಲುಗಾರನ ಮನೆಯ ಕಿಟಕಿಯಿಂದ ನೋಡುತ್ತಲೇ ತಾಯಿ ತೀರಿಹೋದರು. ಇವರು ಡೆಟ್ರಾಯ್ಟ್‌ಗೆ ಬಂದು ಕಾರು ಕಾರ್ಖಾನೆಯಲ್ಲಿ ಗುಮಾಸ್ತರಾದರು.

"ನನ್ನ ಮುಂದಿನ ಮನೆಗೆ ನೀವೇ ಹಾಲು ಉಕ್ಕಿಸಬೇಕು," ಎಂದು ಆಗಾಗ ನಗುತ್ತಿದ್ದರು.

ಆಮೇಲೆ ಆ ಹಾಳು ರಿಸೆಷನ್ ಬಂತು. ಕಾರಿನ ಬಿಡಿಭಾಗದ ಕಂಪನಿಯಲ್ಲಿ ನನ್ನ ಕೆಲಸ ಹೋಯಿತು, ಅದರ ಹಿಂದೆಯೇ ವೀಸಾ. ಹತ್ತಿರದ ಊರು ಟ್ರಾಯ್‌ನ ಗೆಳೆಯರಿಗೆಲ್ಲ "ಅಪ್ಲೈ ಮಾಡಿದೀನಿ, ನೋಡ್ಬೇಕು" ಎಂದು ಹೇಳಿ ಹೇಳಿ ನನ್ನ ದನಿಯೇ ನನಗೆ ಹೇಸಿಗೆಯಾಯಿತು. ಅದೇ ತಿಂಗಳು ಸಾಲ ತೀರದೆ ಅಂಕಲ್ ಮನೆಯೂ ಬ್ಯಾಂಕಿನ ಪಾಲಾಯಿತು. ಖಾಲಿ ಮಾಡಿ ಎಂಬ ಪತ್ರದಲ್ಲಿ 'ಮಾನ್ಯ ಲಾರ್ಡ್' ಎಂದೇ ಬರೆದಿದ್ದರು. ಮರ್ಯಾದೆಗೇನೂ ಕಡಿಮೆಯಿಲ್ಲ! ನನಗೆ ಮೈಯೆಲ್ಲ ಉರಿಯಿತು. ಅವರು ಮಾತ್ರ ಪತ್ರವನ್ನು ನೀಟಾಗಿ ಮಡಿಸಿ ಜೇಬಿಗಿಟ್ಟುಕೊಂಡರು.

ನಾವು ಮೈಸೂರಿಗೆ ಟಿಕೆಟ್ ತೆಗೆಸಿದೆವು. ಅವರ ತಂಗಿಯ ಮಗಳು ತನ್ನೂರು ಲೊಂಬಾರ್ಡ್‌ನ ವೃದ್ಧಾಶ್ರಮವೊಂದರಲ್ಲಿ ಅವರಿಗೆ ಕೋಣೆ ಹಿಡಿದಳು. ಕರೆದುಕೊಂಡು ಹೋಗುವ ಕೆಲಸ ನನ್ನ ಪಾಲಿಗೆ ಬಂತು. ಅವರು ಕೇಳಿದ್ದು ಒಂದೇ. "ನಾನು ಸಾಯುವ ಕೋಣೆ ಅದು. ಅಲ್ಲಿಗಾದರೂ ಸರಿಯಾಗಿ ಕಾಲಿಡಬೇಕು. ಹಾಲು ಮರೆಯಬೇಡ."

ಹೆಂಡತಿ ಸೂಟ್‌ಕೇಸುಗಳ ನಡುವೆ ಕೂತಿದ್ದಳು. ಪುಟ್ಟ ಸ್ಟೀಲ್ ಪಾತ್ರೆ, ಕುಂಕುಮ, ಹಾಲಿನ ಡಬ್ಬ ಕೊಟ್ಟು, "ಉಕ್ಕೋ ತನಕ ಬಿಡಿ ರೀ. ನೀವು ಮೊದಲೇ ಆತುರಗಾರ್ರು," ಎಂದಳು.

"ಹಾಲು ಕಾಯ್ಸಕ್ಕೂ ಟ್ರೇನಿಂಗಾ?" ಎಂದು ರೇಗಿದೆ.

ಇನ್ನೂರೆಪ್ಪತ್ತು ಮೈಲಿ. ದಾರಿಯುದ್ದಕ್ಕೂ ಅವರು ಹಾಲಿನ ಡಬ್ಬವನ್ನು ತೊಡೆಯ ಮೇಲೆ ಹಿಡಿದು ಕೂತಿದ್ದರು.

ಕೋಣೆಯಲ್ಲಿ ಮಂಚ, ಕುರ್ಚಿ, ಪಾರ್ಕಿಂಗ್ ಲಾಟ್ ಕಾಣುವ ಕಿಟಕಿ. ಒಲೆ ಇಲ್ಲ. ಬೆಂಕಿ ಗಿಂಕಿ ಏನೂ ಕೂಡದು, ಬೇಕಾದರೆ ಮೈಕ್ರೋವೇವ್ ಇದೆ ಎಂದಳು ನರ್ಸ್. ಸ್ಟೀಲ್ ಪಾತ್ರೆ ಚೀಲದಲ್ಲೇ ಉಳಿಯಿತು. ಗಾಜಿನ ಮಗ್ಗಿನ ತುಂಬ ಹಾಲು ಸುರಿದು ಒಳಗಿಟ್ಟೆ. ಅವರು ಕೋಟಿನ ಗುಂಡಿ ಹಾಕಿಕೊಂಡು, ತಲೆ ಬಾಚಿ, ಮೈಕ್ರೋವೇವ್ ಮುಂದೆ ಕುರ್ಚಿ ಹಾಕಿಕೊಂಡು ಕೂತರು. ಗಾಜಿನಾಚೆ ಮಗ್ಗು ತಿರುಗುತ್ತಿತ್ತು. ಹಾಲು ನಿಧಾನವಾಗಿ ಮೇಲೆದ್ದು ಅಂಚಿಗೆ ಬಂತು. ಅವರು ಮುಂದಕ್ಕೆ ಬಾಗಿದರು.

ಚಿಕ್ಕಂದಿನಲ್ಲಿ ದಿನಾ ಬೆಳಿಗ್ಗೆ ಅಮ್ಮ ನನ್ನನ್ನು ಒಲೆಯ ಮುಂದೆ ನಿಲ್ಲಿಸಿ, "ಹಾಲು ನೋಡ್ಕೊಳೋ, ಉಕ್ಕಿದ್ರೆ ಬೀಳತ್ತೆ ನಿಂಗೆ" ಎನ್ನುತ್ತಿದ್ದಳು. ಆ ಕೈ ಇದು. ನಾನು ಯೋಚಿಸುವ ಮೊದಲೇ ಅದು ಹೋಗಿ ಬಾಗಿಲು ತೆರೆದುಬಿಟ್ಟಿತು. ಹಾಲು ಸುಮ್ಮನೆ ಕೆಳಗಿಳಿಯಿತು.

ನನಗೆ ಅಳು ಬಂತು. "ಇನ್ನೊಂದು ಸಲ ಇಡ್ತೀನಿ ಅಂಕಲ್," ಎಂದು ಮತ್ತೆ ಬಾಗಿಲು ಹಾಕಲು ಹೋದೆ. ಅವರು ನನ್ನ ಮಣಿಕಟ್ಟು ಹಿಡಿದರು.

"ಬೇಡ. ನಾನೂ ಒಂದು ಚಳಿಗಾಲ ಕಾಯಲಿಲ್ಲ," ಎಂದರು. ಆಮೇಲೆ ಹಾಲನ್ನು ಆರಿಸಿಕೊಂಡು, ಕೆನೆಯ ಸಮೇತ ಪೂರ್ತಿ ಕುಡಿದರು.

ಅವರು ತೀರಿಕೊಂಡರೆಂದು ತಂಗಿಯ ಮಗಳ ಇಮೇಲ್ ಬಂದದ್ದು ನಾವು ಮೈಸೂರಿನಲ್ಲಿ ಬಾಡಿಗೆ ಮನೆ ಹೊಕ್ಕ ದಿನ. ಹೆಂಡತಿ ಹಾಲಿಟ್ಟಿದ್ದಳು. ನಾನು ಕೈಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಹೊರಗೆ ಗೇಟಿನ ಹತ್ತಿರ ನಿಂತಿದ್ದೆ. "ಉಕ್ತು, ಬನ್ರೀ," ಎಂದು ಕೂಗಿದಳು. ನನಗೆ ಒಳಗೆ ಹೋಗಲಾಗಲಿಲ್ಲ.