ಸಣ್ಣವ್ವನಿಗೆ ಬಿಟ್ಟ ಜಾಗ

ಸಿರಸಂಗಿಯಲ್ಲಿ ನಮ್ಮ ಮನೆಯ ಪಕ್ಕದಲ್ಲೇ ಇಬ್ಬರು ನೆಗೆಣ್ಣಿಯರಿದ್ದರು, ಅಣ್ಣತಮ್ಮಂದಿರ ಹೆಂಡಂದಿರು. ಊರಿಗೆಲ್ಲ ಅವರು ದೊಡ್ಡವ್ವ, ಸಣ್ಣವ್ವ. ದೊಡ್ಡವ್ವ ದಪ್ಪು ಬಾರಿಸುತ್ತ ಗೀಗೀ ಪದ ಹಾಡಿದರೆ, ಅವಳ ಎಡಕ್ಕೆ ನಿಂತ ಸಣ್ಣವ್ವ ತುಂತುಣಿ ಮಿಡಿಯುತ್ತ ಪ್ರತಿ ಸಾಲಿನ ಕೊನೆಗೆ ‘ಜೀ ಜೀ’ ಎಂದು ದನಿಗೂಡಿಸಿ ಸೂರು ಎತ್ತುತ್ತಿದ್ದಳು. ನಾನು ಆ ಊರಿಗೆ ಸೊಸೆಯಾಗಿ ಬಂದ ಹೊಸದರಲ್ಲಿ, ಒಬ್ಬರ ಉಸಿರು ಎಲ್ಲಿ ಮುಗಿಯಿತು, ಇನ್ನೊಬ್ಬರದು ಎಲ್ಲಿ ಶುರುವಾಯಿತು ಎಂದು ತಿಳಿಯದೆ ಬಾಯಿ ಬಿಟ್ಟುಕೊಂಡು ಕೂತದ್ದಿದೆ.

ಟೀವಿ ಆಗಷ್ಟೇ ನಮ್ಮ ಕಡೆ ಬಂದಿತ್ತು. ಬೆಂಗಳೂರಿನ ಟೀವಿಯವರು ದೊಡ್ಡವ್ವನನ್ನು ಕರೆಸಿದರು, ಒಬ್ಬಳನ್ನೇ. ಹೊತ್ತು ಕಡಿಮೆ, ಹಿಮ್ಮೇಳ ಬೇಡವಂತೆ. ಅಲ್ಲ, ಹಿಮ್ಮೇಳ ಬಿಟ್ಟು ಗೀಗೀ ಪದ ಹಾಡಿಸುವ ಈ ಶಾಣ್ಯಾರಿಗೆ ಏನನ್ನಬೇಕು? ನನಗಂತೂ ಮೈ ಉರಿದುಹೋಯಿತು. ದೊಡ್ಡವ್ವ ಒಲ್ಲೆ ಎಂದಳು. ಸಣ್ಣವ್ವನೇ ಅವಳನ್ನು ಬೈದು, ಬುತ್ತಿ ಕಟ್ಟಿ, ಸವದತ್ತಿಯ ಬಸ್ಸು ಹತ್ತಿಸಿದಳು. ತಿರುಗಿ ಬಂದವಳೇ ತುಂತುಣಿಯನ್ನು ಗೂಟಕ್ಕೆ ತೂಗುಹಾಕಿದಳು.

“ನಾ ಇಲ್ಲದ ಪದ ನಡೀತೈತಿ ಅಂತ ನಾಡಿಗೆಲ್ಲಾ ಗೊತ್ತಾಗತೈತಿ. ಇನ್ನ ನಾ ಯಾಕ ಹಾಡ್ಲಿ?” ಎಂದಳು ನನ್ನ ಮುಂದೆ.

ಅವಳು ಹಟ ಹಿಡಿದರೆ ಬ್ರಹ್ಮ ಬಂದರೂ ಬಿಡಿಸಲಾರ. ದೊಡ್ಡವ್ವ ಮರಳಿದ ಮೇಲೂ ಅಲ್ಲಿ ಏನಾಯಿತೆಂದು ಇವಳು ಕೇಳಲಿಲ್ಲ, ಅವಳು ಹೇಳಲಿಲ್ಲ. ಯಾರು ಹಾಡಲು ಕರೆದರೂ ಸಣ್ಣವ್ವನದು ಒಂದೇ ಮಾತು, ಒಲ್ಲೆ. ಜೋಡಿ ಮುರಿದೇ ಹೋಯಿತೆಂದುಕೊಂಡೆ.

ಟೀವಿಯಲ್ಲಿ ಪದ ಬರುವ ಸಂಜೆ ನಮ್ಮ ಪಡಸಾಲೆ ತುಂಬಿತು. ದೊಡ್ಡವ್ವ ಗೋಡೆಗೆ ಆತು ಕೂತಳು. ಸಣ್ಣವ್ವನನ್ನು ನಾನೇ ರಟ್ಟೆ ಹಿಡಿದು ಎಳೆತಂದೆ. ಮುಖ ಗಂಟು ಹಾಕಿಕೊಂಡು ಬಾಗಿಲ ಹತ್ತಿರ ಕೂತಳು.

ಪರದೆಯ ಮೇಲೆ ದೊಡ್ಡವ್ವ ಕಾಣಿಸಿದಳು. ಮೊದಲ ಸಾಲು ಹಾಡಿ ನಿಲ್ಲಿಸಿಬಿಟ್ಟಳು. ದಪ್ಪು ನಡೆದಿತ್ತು, ದನಿ ಇಲ್ಲ. ಟೀವಿ ಕೆಟ್ಟಿತೆಂದು ಮಾವನವರು ಎದ್ದು ಅದರ ತಲೆಗೆ ಎರಡು ಬಡಿದರು. ಎರಡನೇ ಸಾಲು ಬಂತು, ಮತ್ತೆ ಹಾಗೇ. ಪದ ಮರೆತಳೇನೋ ಎಂದು ಜನ ಪಿಸುಗುಟ್ಟಿದರು. ನನಗೆ ಕಂಡದ್ದು ಬೇರೆ. ನಿಲ್ಲಿಸಿದಾಗೆಲ್ಲ ದೊಡ್ಡವ್ವನ ಮುಖ ಒಂಚೂರು ಎಡಕ್ಕೆ ಹೊರಳುತ್ತಿತ್ತು.

ಮೂರನೇ ಸಾಲು ಮುಗಿದದ್ದೇ ತಡ, ಬಾಗಿಲ ಕಡೆಯಿಂದ ‘ಜೀ ಜೀ’ ಎದ್ದಿತು. ಸಣ್ಣವ್ವ ಕಣ್ಣು ಮುಚ್ಚಿದ್ದಳು. ಅವಳ ಸೂರು ಮುಗಿಯುವುದಕ್ಕೂ ಟೀವಿಯೊಳಗೆ ಮುಂದಿನ ಸಾಲು ಏಳುವುದಕ್ಕೂ ಸರಿಹೋಯಿತು, ಕೂದಲೆಳೆಯಷ್ಟೂ ಹೆಚ್ಚುಕಡಿಮೆಯಿಲ್ಲ. ಎಂಥ ಹೆಂಗಸರಪ್ಪಾ ಇವರು ಅನ್ನಿಸಿತು.

ಮುಗಿದ ಮೇಲೆ ದೊಡ್ಡವ್ವ ಬಾಯಿ ಬಿಟ್ಟಳು. ನಡುವೆ ನಿಲ್ಲಿಸಬೇಡ ಎಂದು ಅಲ್ಲಿಯವರು ಮೊದಲು ಕೈಮುಗಿದು ಕೇಳಿದರಂತೆ, ಆಮೇಲೆ ಸಿಟ್ಟೂ ಮಾಡಿದರಂತೆ.

“ಅದು ನಿನ್ನ ಜಾಗಾ. ಅಲ್ಲಿ ನಾ ಹೆಂಗ ಹಾಡ್ಲಿ?” ಎಂದಳು.

ಸಣ್ಣವ್ವ ಸೆರಗಿನಿಂದ ಮೂಗು ಒರೆಸಿಕೊಂಡು, ಮೊದಲೇ ಹೇಳಿದ್ದರೆ ಎರಡು ಸಾಲು ಹಾಳಾಗುತ್ತಿರಲಿಲ್ಲ ಎಂದು ಅವಳನ್ನೇ ಬೈದಳು. ಮನೆಗೆ ಹೋಗಿ ತುಂತುಣಿ ಇಳಿಸಿದಳು.

ಇಬ್ಬರೂ ಈಗಿಲ್ಲ. ಅವತ್ತು ಬೇರೆ ಊರುಗಳಲ್ಲಿ ನೋಡಿದವರು, ಪಾಪ, ಯಾರೋ ಹಾಡು ಮರೆತ ಹೆಂಗಸು ಎಂದುಕೊಂಡಿರಬೇಕು. ಅಂದುಕೊಳ್ಳಲಿ. ಪದ ಪದದಂತೆ ಬಂದದ್ದು ನಮ್ಮ ಪಡಸಾಲೆಯ ಟೀವಿಯೊಂದರಲ್ಲೇ.